ಹೇಳಿದವರು ಯಾರು ಎಂಬ ಮೂರನೇ ಕಾಲಂ

ನನ್ನ ನೋಟ್‌ಬುಕ್ಕಿನ ಪ್ರತಿ ಪುಟದಲ್ಲೂ ಮೂರು ಕಾಲಂಗಳಿವೆ. ಮೊದಲನೆಯದರಲ್ಲಿ ಒಂದು ಇಂಗ್ಲಿಷ್ ಪದ ಮತ್ತು ನಿಘಂಟು ಅದಕ್ಕೆ ಕೊಡುವ ಅರ್ಥ. ಎರಡನೆಯದರಲ್ಲಿ ಅದೇ ಪದಕ್ಕೆ ನಮ್ಮ ಕಡೆಯ ಜನ ಕೊಟ್ಟುಕೊಂಡಿರುವ ಅರ್ಥ. ಮೂರನೆಯದರಲ್ಲಿ ಅದನ್ನು ಯಾರು, ಎಲ್ಲಿ ಹೇಳಿದರು ಎಂಬ ವಿವರ. ಮೊದಲ ಎರಡು ಕಾಲಂಗಳಿಂದ ನನಗೆ ಇದುವರೆಗೆ ಯಾವ ತೊಂದರೆಯೂ ಆಗಿಲ್ಲ.

ನೋಟ್‌ಬುಕ್ ಶುರುವಾದದ್ದು ಒಂದು ಪಾಠದಿಂದ. ಹಾಗೆಂದು ಎಲ್ಲರಿಗೂ ಹೇಳಿಕೊಂಡು ಬಂದಿದ್ದೇನೆ, ನಿಜವೋ ಏನೋ. ಹೊನ್ನಾಳಿಯ ಒಂದು ಕಾಲೇಜಿನಲ್ಲಿ ಇಂಗ್ಲಿಷ್ ಹೇಳಿಕೊಡುವುದು ನನ್ನ ಕೆಲಸ, ಮನೆ ನ್ಯಾಮತಿಯಲ್ಲಿ. ಕೆಲಸದ ಸಂದರ್ಶನಕ್ಕೆ ಹೋದಾಗ ಬಾಡಿ ಲಾಂಗ್ವೇಜ್ ಹೇಗಿರಬೇಕು ಎಂದು ಅವತ್ತು ವಿವರಿಸುತ್ತಿದ್ದೆ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು, "ಸಾರ್, ಬಾಡಿ ಮಾತಾಡಾಕೆ ಶುರು ಮಾಡಿದ್ರೆ ಇಂಟರ್‌ವ್ಯೂ ಮಾಡೋರು ಓಡಿ ಹೋಗ್ತಾರೆ" ಎಂದಳು. ತರಗತಿ ನಕ್ಕಿತು. ನಮ್ಮಲ್ಲಿ ಬಾಡಿ ಎಂದರೆ ಆಂಬುಲೆನ್ಸಿನಲ್ಲಿ ಊರಿಗೆ ಬರುವಂಥದ್ದು. ಉಸಿರಾಡುತ್ತಿರುವವರಿಗೆ ಇರುವುದು ಬರೀ ಮೈ. ಇನ್ನೊಂದು ದಿನ "ಇನ್ನಾದರೂ ಸೀರಿಯಸ್ ಆಗ್ರಿ" ಎಂದು ಬೈದರೆ, "ಆಸ್ಪತ್ರೆಗೆ ಯಾರು ಸೇರಿಸ್ತಾರೆ ಸಾರ್?" ಎಂಬ ಉತ್ತರ ಬಂತು.

ಆಮೇಲೆ ಕಿವಿ ತೆರೆದುಕೊಂಡಿತು. ಡೀಸೆಂಟ್ ಎಂದರೆ ನಿಘಂಟಿನ ಪ್ರಕಾರ ಸಭ್ಯ. ನಮ್ಮ ಕಡೆ, ಕುಡಿದರೂ ತಾನಾಗಿಯೇ ನಡೆದು ಮನೆ ಸೇರುವವನು. ಡೈರೆಕ್ಟ್ ಬಸ್ಸು ಎಂದರೆ ಸಿಕ್ಕ ಕಡೆಯೆಲ್ಲ ನಿಲ್ಲುವ, ಆದರೆ ನಾವು ಇಳಿದು ಬೇರೆ ಹತ್ತಬೇಕಿಲ್ಲದ ಬಸ್ಸು. ಅಡ್ಜಸ್ಟ್ ಎಂಬುದು ಮೂವರು ಕೂತ ಸೀಟಿಗೆ ನಾಲ್ಕನೆಯವನು ತನ್ನ ಅರ್ಧ ಭಾಗವನ್ನು ಇಳಿಸುವ ಮುನ್ನ ಹೇಳುವ ಮಂತ್ರ. ಹೇಳಿಯಾದ ಮೇಲೆ ಒಪ್ಪಿಗೆಗೆ ಕಾಯುವ ಪದ್ಧತಿ ಇಲ್ಲ. ಪಾರ್ಟಿ ಎಂದರೆ ಒಬ್ಬನೇ ಮನುಷ್ಯ. ಚನ್ನಗಿರಿಯ ಒಂದು ಅಂಗಡಿಯಲ್ಲಿ "ಪಾರ್ಟಿ ಬಂದೈತೆ, ಕುರ್ಚಿ ಹಾಕ್ರಿ" ಎಂದದ್ದು ಕೇಳಿ ನಾನು ಹಿಂದೆ ತಿರುಗಿ ನೋಡಿದ್ದೆ. ಅಲ್ಲಿ ಯಾರೂ ಇರಲಿಲ್ಲ. ಪಾರ್ಟಿ ನಾನೇ.

ಮೂರನೇ ಕಾಲಂ ನನ್ನ ಓದಿನ ದೋಷ. ಎಂ.ಎ. ಮಾಡುವಾಗ ನಮಗೆ ಭಾಷಾವಿಜ್ಞಾನ ಹೇಳಿಕೊಟ್ಟ ಮೇಡಂ, ಆಡಿದವರ ಗುರುತಿಲ್ಲದೆ ಪದ ಬರೆದುಕೊಂಡರೆ ಅದು ಸಂಗ್ರಹವಲ್ಲ, ಚಾಡಿ, ಎಂದು ವಾರಕ್ಕೊಮ್ಮೆಯಾದರೂ ಎಚ್ಚರಿಸುತ್ತಿದ್ದರು. ಆದ್ದರಿಂದ "ಕಂಡಕ್ಟರ್, ಸವಳಂಗ ಬಸ್ಸು", "ಮೀನು ಮಾರುವ ಹೆಂಗಸು, ಸೂಳೆಕೆರೆ ಏರಿ" ಎಂದೆಲ್ಲ ಬರೆಯುತ್ತೇನೆ. ನೋಡಿದವರಿಗೆ ಬಹಳ ಶಿಸ್ತಿನ ಕೆಲಸ ಅನ್ನಿಸಬೇಕು. ಒಳಗಿನ ಗುಟ್ಟು ಬೇರೆ. ಜನರ ಎದುರಿಗೆ ಪೆನ್ನು ತೆಗೆದರೆ ಅವರು ಆಕಾಶವಾಣಿಯವರ ಹಾಗೆ ಮಾತಾಡಲು ತೊಡಗುತ್ತಾರೆ. ಹಾಗಾಗಿ ಎಲ್ಲವನ್ನೂ ಆಮೇಲೆ ಬರೆಯುತ್ತೇನೆ. ಹತ್ತು ನಿಮಿಷ ಬಿಟ್ಟು, ಕೆಲವೊಮ್ಮೆ ಎರಡು ದಿನ ಬಿಟ್ಟು. ಮಾತು ನೆನಪಿರುತ್ತದೆ, ಬಾಯಿ ಯಾರದು ಎಂಬುದನ್ನು ತಲೆ ತನಗೆ ತೋಚಿದ ಹಾಗೆ ಜೋಡಿಸುತ್ತದೆ. ಇದು ನನಗೆ ಗೊತ್ತಿತ್ತು. ಗೊತ್ತಿದ್ದೂ ಕಾಲಂ ತುಂಬುತ್ತಿದ್ದೆ, ಖಾಲಿ ಬಿಟ್ಟರೆ ಪುಟ ಚೆನ್ನಾಗಿ ಕಾಣುವುದಿಲ್ಲ ಎಂದು.

ಈ ನೋಟ್‌ಬುಕ್ಕಿಗೆ ಒಬ್ಬರೇ ಖಾಯಂ ಓದುಗರು, ನನ್ನ ಅಕ್ಕನ ಮಗಳು. ಅಕ್ಕ ಭಾವ ನಲ್ಲೂರಿನಲ್ಲಿರುತ್ತಾರೆ. ಮಗಳು ಚನ್ನಗಿರಿ, ನ್ಯಾಮತಿ ಕಡೆಯೆಲ್ಲ ಜಮೀನು ಅಳೆಯುವ ಸರ್ವೇಯರ್. ಬಿಸಿಲಲ್ಲಿ ಟೋಪಿ ಹಾಕಿಕೊಂಡು, ಬದುವಿನ ಮೇಲೆ ನಿಂತು, ಜಗಳವಾಡುವ ಅಣ್ಣತಮ್ಮಂದಿರಿಗೆ "ಇಬ್ರೂ ಹಿಂದಕ್ಕೆ ಹೋಗ್ರಿ, ನೆರಳು ಬೀಳ್ತೈತೆ" ಎನ್ನುವ ಹುಡುಗಿ. ಈ ಕಡೆ ಕೆಲಸ ಬಿದ್ದಾಗ ನಮ್ಮ ಮನೆಗೆ ಊಟಕ್ಕೆ ಬರುತ್ತಾಳೆ, ಪೇಪರ್ ಓದುವ ಹಾಗೆ ನೋಟ್‌ಬುಕ್ ಓದುತ್ತಾಳೆ, ಬಾಯಿ ಬಿಟ್ಟು ನಗುತ್ತಾಳೆ, ಹೋಗುವಾಗ ಒಂದು ಪದ ಕೊಟ್ಟು ಹೋಗುತ್ತಾಳೆ. ಕ್ಲಿಯರ್ ಅವಳು ಕೊಟ್ಟದ್ದು. "ಜಮೀನು ಕ್ಲಿಯರ್ ಐತ್ರಿ ಮೇಡಂ" ಎಂದು ಯಾರಾದರೂ ಅಂದರೆ ತಮ್ಮ ಇನ್ನೂ ಕೋರ್ಟಿಗೆ ಹೋಗಿಲ್ಲ ಎಂದರ್ಥವಂತೆ.

ಅವಳಿಗೆ ಜಗಳೂರಿನಿಂದ ಒಂದು ಸಂಬಂಧ ಬಂತು. ಹುಡುಗ ಅಲ್ಲಿ ಔಷಧಿ ಅಂಗಡಿ ಇಟ್ಟಿದ್ದಾನೆ. ತಂದೆ ಇಲ್ಲ, ತಾಯಿ ಮನೆಗೆ ಹೊಂದಿಕೊಂಡಿರುವ ಹಿಟ್ಟಿನ ಗಿರಣಿ ನಡೆಸುತ್ತಾರೆ. ನಲ್ಲೂರಿಗೆ ಬಂದು ಹುಡುಗಿ ನೋಡಿ ಹೋದ ಮೇಲೆ ಇಬ್ಬರೂ ಒಂದು ತಿಂಗಳು ಫೋನಿನಲ್ಲಿ ಮಾತಾಡಿದರು. ಇವನು ಹೇಗೆ ಎಂದು ನಾನು ಕೇಳಿದೆ.

"ಪ್ರಶ್ನೆ ಕೇಳಿದ್ರೆ ಉತ್ತರ ಕೊಡ್ತಾನೆ ಮಾವ" ಎಂದಳು. "ಮುಂಚೆ ಬಂದ ಮೂರೂ ಜನ ಅವರಮ್ಮನ ಮುಖ ನೋಡ್ತಿದ್ರು."

ಅವಳ ಬಾಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ನಾನು ಕೇಳಿಲ್ಲ. ಹುಡುಗ ಅವಳಿಗೆ ಬೇಕಾಗಿದ್ದ. ಅದು ಮನೆಯವರಿಗೆಲ್ಲ ಗೊತ್ತಿತ್ತು.

ಮುಂದಿನದು ಮನೆ ನೋಡುವ ಶಾಸ್ತ್ರ. ಹೆಣ್ಣಿನ ಕಡೆಯ ಹಿರಿಯರು ಗಂಡಿನ ಮನೆಗೆ ಹೋಗಿ ನೋಡಿ ಬರಬೇಕು. ಸೋದರಮಾವನಾದ ನಾನು ಇರಲೇಬೇಕು. ಹುಡುಗಿ ಮಾತ್ರ ಹೋಗುವ ಪದ್ಧತಿ ಇಲ್ಲ. ಇವಳು ಬೆಳಗ್ಗೆಯೇ ತಲೆ ಬಾಚಿ ತಯಾರಾಗಿ ಬಾಗಿಲಲ್ಲಿ ನಿಂತಿದ್ದಳು.

"ನೀನೆಲ್ಲಿಗೇ?" ಎಂದರು ಭಾವ.

"ಆ ಮನೇಲಿ ಇರೋಳು ನಾನಾ, ನೀವಾ?"

"ಜನ ಏನಂತಾರೆ?"

"ನೋಡಿದ್ಲು ಅಂತಾರೆ."

ಭಾವ ನನ್ನ ಕಡೆ ತಿರುಗಿ, "ಏನಪ್ಪ, ಓದಿದೋನು ನೀನು, ನೀನಾದ್ರೂ ಹೇಳು" ಎಂದರು. ಹೋಗಲಿ ಬಿಡಿ, ಕಾಲ ಬದಲಾಗಿದೆ ಎಂದೆ. ಹೀಗೆ ಹೇಳಿದ್ದು ಚೆನ್ನಾಗಿ ನೆನಪಿದೆ. ನಮ್ಮ ಪರವಾಗಿರುವ ಮಾತುಗಳು ಮರೆಯುವುದಿಲ್ಲ.

ಜಗಳೂರಿನ ಆ ಮನೆಯಲ್ಲಿ ಮೊದಲು ಎದುರಾದದ್ದು ಹುಡುಗನ ತಾಯಿಯ ದನಿ, ಆಮೇಲೆ ಅವರು. ಗಿರಣಿಯ ಸದ್ದಿನ ಮೇಲೆ ಮಾತಾಡಿ ರೂಢಿಯಾಗಿ ಅವರಿಗೆ ಮೆಲುದನಿ ಎಂಬುದೇ ಉಳಿದಿಲ್ಲ. "ಬರ್ರಿ, ಒಳಗೆ ಬರ್ರಿ" ಎಂದದ್ದು ರಸ್ತೆಯ ಆಚೆ ಬದಿಯವರನ್ನು ಕರೆದಂತಿತ್ತು. ಹುಬ್ಬಿನ ತುದಿಯಲ್ಲಿ ಸ್ವಲ್ಪ ಜೋಳದ ಹಿಟ್ಟು ಉಳಿದಿತ್ತು. ನಡುಮನೆಯಲ್ಲಿ ಕೂತೆವು. ನಮ್ಮ ಹುಡುಗಿ ಸುಮ್ಮನೆ ಕೂರುವವಳಲ್ಲ. ಬಚ್ಚಲು ಎಲ್ಲಿ ಎಂದು ಕೇಳಿ ನೋಡಿ ಬಂದಳು. ಬಾಗಿಲ ಮೆಟ್ಟಿಲ ಮೇಲೆ ತನ್ನ ಸ್ಕೂಟಿ ಹತ್ತುತ್ತದಾ ಎಂದು ವಿಚಾರಿಸಿದಳು. ಕೊನೆಗೆ ಗೋಡೆಯನ್ನು ಕೈಯಿಂದ ತಟ್ಟಿ, "ಗಿರಣಿ ಎಷ್ಟೊತ್ತಿಗೆ ಶುರು ಮಾಡ್ತೀರಿ?" ಎಂದಳು.

"ಬೆಳಗ್ಗೆ ಆರಕ್ಕೆ" ಎಂದರು ತಾಯಿ.

"ಮಲಗೋ ಕೋಣೆ ಗೋಡೆನೂ ಇದೇ ಅಲ್ವಾ?"

ಆಗ ಯಾರೋ ಮೆಲ್ಲಗೆ ಅಂದರು, "ಹುಡುಗಿ ಸ್ವಲ್ಪ ಓವರ್ ಐತೆ." ಆಮೇಲೆ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ ಬಂತು. ಚಹಾ ಬಂತು. ಎಲ್ಲ ನಗುನಗುತ್ತ ಮುಗಿಯಿತು. ಎರಡೂ ಕಡೆ ಒಪ್ಪಿಗೆ ಇರುವಂತೆ ಕಂಡಿತು. ಮನೆಗೆ ಹೋಗಿ ತಿಳಿಸುವುದು, ಆಮೇಲೆ ನಿಶ್ಚಿತಾರ್ಥಕ್ಕೆ ದಿನ ನೋಡುವುದು ಎಂದಾಯಿತು.

ಎರಡು ದಿನದ ನಂತರ ಹೊನ್ನಾಳಿಯಲ್ಲಿ ಪರೀಕ್ಷೆಯ ಮೇಲ್ವಿಚಾರಣೆ ಮಾಡುತ್ತಾ ನೋಟ್‌ಬುಕ್ ತೆಗೆದೆ. ಓವರ್. ನಿಘಂಟು: ಮೇಲೆ, ಮುಗಿದ. ನಮ್ಮಲ್ಲಿ: ತನಗೆ ಕೊಟ್ಟ ಜಾಗಕ್ಕಿಂತ ಹೆಚ್ಚು ಜಾಗ ತೆಗೆದುಕೊಳ್ಳುವ, ಸಾಮಾನ್ಯವಾಗಿ ಹೆಂಗಸರಿಗೆ. ಉದಾಹರಣೆ: ಹುಡುಗಿ ಸ್ವಲ್ಪ ಓವರ್ ಐತೆ. ಮೆಲ್ಲಗೆ. ಹೇಳಿದವರು: ಹುಡುಗನ ತಾಯಿ, ಜಗಳೂರು. ಬರೆದು ನನಗೆ ನಾನೇ ಮೆಚ್ಚಿಕೊಂಡೆ. "ಸಾಮಾನ್ಯವಾಗಿ ಹೆಂಗಸರಿಗೆ" ಎಂಬುದು ಬಹಳ ಸೂಕ್ಷ್ಮವಾದ ಟಿಪ್ಪಣಿ ಅನ್ನಿಸಿತು.

ಮುಂದಿನ ವಾರ ಸವಳಂಗದಲ್ಲಿ ಒಂದು ತೋಟದ ಅಳತೆ ಮುಗಿಸಿ ಅವಳು ಊಟಕ್ಕೆ ಬಂದಳು. ಅನ್ನ ಕಲೆಸುತ್ತ ಎಡಗೈಯಲ್ಲಿ ಪುಟ ತಿರುಗಿಸುತ್ತಿದ್ದವಳು ಒಂದು ಪುಟದಲ್ಲಿ ನಿಂತಳು. ನಾನು ಮಜ್ಜಿಗೆ ತರಲು ಹೋಗಿದ್ದೆ. ಅವಳ ಮನೆಯ ವಿಷಯ ಆ ಪುಟದಲ್ಲಿದೆ ಎಂಬುದು ನನ್ನ ತಲೆಗೆ ಬಂದಿರಲೇ ಇಲ್ಲ. ಪದವಾಗಿ ಬರೆದುಕೊಂಡ ಮೇಲೆ ಅದು ಮನುಷ್ಯರ ಮಾತು ಎಂಬುದೇ ಮರೆತುಹೋಗಿತ್ತು.

"ಮಾವ, ಇದು ಜಗಳೂರು ಅತ್ತೆಮ್ಮ ಅಂದಿದ್ದಾ?"

"ಯಾವುದು?"

ಓದಿದಳು. ಮೆಲ್ಲಗೆ ಎಂಬುದನ್ನೂ ಸೇರಿಸಿ ಓದಿದಳು.

"ಹಾಗೇ ಬರೆದಿದ್ದೀನಲ್ಲ" ಎಂದೆ. ಇದು ಉತ್ತರವಲ್ಲ ಎಂದು ನನಗೆ ಆಗಲೇ ಗೊತ್ತಾಗಬೇಕಿತ್ತು.

ಅವಳು ಕೈ ತೊಳೆದುಕೊಂಡಳು. "ಓವರ್ ಅನ್ನಲಿ. ಬದುವಿನ ಮೇಲೆ ದಿನಾ ಅನ್ನಿಸ್ಕಂತೀನಿ. ಆದ್ರೆ ಎದುರಿಗೆ ಮಂಡಕ್ಕಿ ಹಾಕಿ ಹಿಂದೆ ಮೆಲ್ಲಗೆ ಅನ್ನೋರ ಮನೇಲಿ ನಾನು ಇರಾಕಾಗಲ್ಲ. ಜೀವನ ಪೂರ್ತಿ ಗೋಡೆಗೆ ಕಿವಿ ಕೊಟ್ಕಂಡು ಕೂರಾಕಾಗಲ್ಲ."

ಅಲ್ಲೇ ಕೂತು ಹುಡುಗನಿಗೆ ಫೋನ್ ಮಾಡಿದಳು. ಹುಡುಗ, ಅಮ್ಮ ಹಾಗೆ ಅನ್ನುವವಳಲ್ಲ, ಕೇಳಿ ಹೇಳುತ್ತೇನೆ ಎಂದ. ಹತ್ತು ನಿಮಿಷಕ್ಕೆ ಫೋನ್ ಬಂತು. ಸ್ಪೀಕರ್ ಹಾಕುವ ಅಗತ್ಯ ಇರಲಿಲ್ಲ.

"ಬರ್ಕಂಡಿರೋರು ಬರಲಿ. ಪುಸ್ತಕ ತಗಂಡು ಬರಲಿ. ನನ್ನ ಮುಖ ನೋಡಿ ಹೇಳಲಿ."

ಸುದ್ದಿ ನಲ್ಲೂರಿಗೆ ಮುಟ್ಟಲು ತಡವಾಗಲಿಲ್ಲ. ಅಕ್ಕ ಫೋನ್ ಮಾಡಿ, ಆ ಪುಸ್ತಕವನ್ನು ಮೊದಲು ಒಲೆಗೆ ಹಾಕು ಎಂದಳು. ನಮ್ಮ ಮನೆಯಲ್ಲಿ ಗ್ಯಾಸ್ ಎಂದೆ. ಅವಳಿಗೆ ನಗು ಬರಲಿಲ್ಲ. "ಮೂರು ವರ್ಷದಿಂದ ಗಂಡು ಹುಡುಕ್ತಾ ಇದೀವಿ. ಅವಳಾಗೇ ಒಪ್ಪಿದ್ದು ಇದೊಂದು. ಅದನ್ನ ನೀನು ಪೆನ್ನಲ್ಲಿ ಕೆಡಿಸ್ದೆ" ಎಂದಳು. ಹಿಂದಿನಿಂದ ಭಾವ, "ಕೂತ ಕಡೆ ನಿಂತ ಕಡೆ ಬರ್ಕಳಾಕೆ ಇವನೇನು ಪೊಲೀಸಾ?" ಎನ್ನುವುದು ಕೇಳಿಸಿತು.

ಭಾನುವಾರ ನಾನೂ ಅವಳೂ ಬಸ್ಸಿನಲ್ಲಿ ಹೊರಟೆವು. ನ್ಯಾಮತಿಯಿಂದ ಹೊನ್ನಾಳಿ, ಅಲ್ಲಿಂದ ದಾವಣಗೆರೆ, ಆಮೇಲೆ ಜಗಳೂರು. ಅವಳು ಕಿಟಕಿಯ ಕಡೆ ಕೂತು ದಾರಿಯುದ್ದಕ್ಕೂ ಹೊಲಗಳನ್ನು ನೋಡುತ್ತಿದ್ದಳು. ನನ್ನ ತೊಡೆಯ ಮೇಲೆ ನೋಟ್‌ಬುಕ್. ಮೊದಮೊದಲು ನಾನು ಧೈರ್ಯವಾಗಿಯೇ ಇದ್ದೆ. ದಾಖಲೆ ಇದೆಯಲ್ಲ ಎಂಬ ಧೈರ್ಯ. ಹೊನ್ನಾಳಿ ದಾಟಿದ ಮೇಲೆ ಆ ನಡುಮನೆಯನ್ನು ಮತ್ತೊಮ್ಮೆ ಕಟ್ಟಲು ನೋಡಿದೆ. ಯಾರು ಎಲ್ಲಿ ಕೂತಿದ್ದರು. ಭಾವ ಆಗ ಹೊರಗೆ ಕಾರಿನ ಹತ್ತಿರ ಫೋನಿನಲ್ಲಿದ್ದರು. ಹುಡುಗ ನೀರಿನ ಲೋಟಗಳನ್ನು ಒಳಗಿಡಲು ಹೋಗಿದ್ದ. ಅಕ್ಕ ನನ್ನ ಪಕ್ಕದಲ್ಲಿ, ಮಗಳನ್ನು ಕಣ್ಣಲ್ಲೇ ಗದರಿಸುತ್ತಿದ್ದಳು. ತಾಯಿ "ಆರಕ್ಕೆ" ಎಂದರು. ಎಲ್ಲಿಂದ ಅಂದರು? ಅಡುಗೆಮನೆಯಿಂದ. ಅಲ್ಲಿಂದಲೇ ಕೂಗಿದ್ದರು. ಎಣ್ಣೆಯ ಸದ್ದು ಬರುತ್ತಿತ್ತು.

ಹಾಗಾದರೆ ನಡುಮನೆಯಲ್ಲಿ ಉಳಿದವರು ಮೂವರು. ಒಬ್ಬಳು ಗೋಡೆಗೆ ಕೈಯಿಟ್ಟು ನಿಂತಿದ್ದಳು. ಇನ್ನೊಬ್ಬಳು ಅಕ್ಕ, ಮಗಳನ್ನು ಬೈಯಲು ಅವಳಿಗೆ ಕನ್ನಡ ಸಾಕು, ಇಂಗ್ಲಿಷ್ ಬೇಕಾಗಿಲ್ಲ. ದಾವಣಗೆರೆ ಬರುವ ಹೊತ್ತಿಗೆ ಲೆಕ್ಕ ನನ್ನ ಮೇಲೆಯೇ ಬಂದು ನಿಂತಿತ್ತು. ಆ ಮಾತು ನನ್ನದು. ಬಾಯಿಂದ ಬಂತೋ, ಮನಸ್ಸಿನಲ್ಲೇ ಬಂದು ಹೋಯಿತೋ, ಅದು ಇವತ್ತಿಗೂ ತಿಳಿಯದು. ಕಾಲ ಬದಲಾಗಿದೆ ಎಂದು ಬೆಳಗ್ಗೆ ಹೇಳಿದ ಮನುಷ್ಯನಿಗೆ, ಮಧ್ಯಾಹ್ನ ಅಕ್ಕನ ಮಗಳು ಬೀಗರ ಮನೆಯ ಗೋಡೆ ತಟ್ಟಿದಾಗ ಮುಜುಗರವಾಗಿತ್ತು. ಆ ಮುಜುಗರವನ್ನು ಇಟ್ಟುಕೊಳ್ಳಲು ನನಗೆ ಜಾಗ ಇರಲಿಲ್ಲ. ಅತ್ತೆಯಾಗುವವರು ಇಂಥ ಮಾತು ಆಡಿಯೇ ಆಡುತ್ತಾರೆ ಎಂದು ತಲೆ ತೀರ್ಮಾನಿಸಿ, ಅದನ್ನು ಅವರ ಬಾಯಿಗೆ ಹಾಕಿ ಕೈ ತೊಳೆದುಕೊಂಡಿತ್ತು.

ಇದನ್ನು ಬಸ್ಸಿನಲ್ಲೇ ಅವಳಿಗೆ ಹೇಳಬಹುದಿತ್ತು. ಹೇಳಲಿಲ್ಲ. ಸೀಟು ಗಟ್ಟಿಯಾಗಿತ್ತು, ಜನ ಇದ್ದರು ಎಂದೆಲ್ಲ ಕಾರಣ ಕೊಡಬಹುದು. ಹೆದರಿದೆ, ಅಷ್ಟೆ.

ಜಗಳೂರಿನಲ್ಲಿ ಭಾನುವಾರ ಗಿರಣಿಗೆ ರಜೆ. ಹುಡುಗನ ತಾಯಿ ನಡುಮನೆಯಲ್ಲಿ ಕುರ್ಚಿ ಹಾಕಿಸಿ ಕೂತಿದ್ದರು. ಹುಡುಗ ಬಾಗಿಲ ಹತ್ತಿರ ನಿಂತಿದ್ದ. ನಾವು ಕೂರುವ ಮೊದಲೇ ಕೈ ಚಾಚಿದರು.

"ಎಲ್ಲಿ, ಕೊಡ್ರಿ ಮೇಷ್ಟ್ರೆ."

ಕೊಟ್ಟೆ. ಕನ್ನಡಕ ಹಾಕಿಕೊಂಡು, ಪುಟ ಹುಡುಕಿ, ಒಂದೊಂದೇ ಪದ ಓದಿದರು. "ಹುಡುಗಿ ಸ್ವಲ್ಪ ಓವರ್ ಐತೆ. ಮೆಲ್ಲಗೆ." ಅಲ್ಲಿಗೆ ನಿಲ್ಲಿಸಿ ಮಗನ ಕಡೆ ನೋಡಿದರು. "ಲೋ, ನಾನು ಮೆಲ್ಲಗೆ ಮಾತಾಡಿದ್ದು ಯಾವತ್ತಾದ್ರೂ ಕೇಳಿಯೇನೋ?"

"ಇಲ್ಲಮ್ಮ."

"ನಾನು ಅಂದಿದ್ರೆ ನಿಮ್ಮ ಕಾರಿನ ಡ್ರೈವರಿಗೂ ಕೇಳ್ತಿತ್ತಲ್ರಿ ಮೇಷ್ಟ್ರೆ. ಇಷ್ಟು ಓದೀರಿ, ಅಷ್ಟು ಗೊತ್ತಾಗಲಿಲ್ವಾ?"

ನನ್ನ ಕಡೆಯ ಹುಡುಗಿ ಈಗ ನನ್ನ ಮುಖ ನೋಡುತ್ತಿದ್ದಳು. ಇನ್ನು ತಪ್ಪಿಸಿಕೊಳ್ಳಲು ಆಗುವುದಿಲ್ಲ ಎಂದು, ಬಸ್ಸಿನಲ್ಲಿ ಲೆಕ್ಕ ಹಾಕಿದ್ದನ್ನೆಲ್ಲ ಹೇಳಿದೆ. ನಾಲ್ಕೇ ವಾಕ್ಯದಲ್ಲಿ ಮುಗಿಯುವ ವಿಷಯವನ್ನು ಇಪ್ಪತ್ತು ವಾಕ್ಯ ಎಳೆದೆ. ಸ್ಮೃತಿ ಎಂಬ ಪದವನ್ನೂ ಬಳಸಿದೆ. ತಾಯಿ ತಾಳ್ಮೆಯಿಂದ ಕೇಳಿ ಮಗನಿಗೆ ಹೇಳಿದರು, "ತಾನೇ ಅಂದೆ ಅಂತಿದಾರೆ, ಅಲ್ವೇನೋ?"

"ಹಂಗೇ ಕಾಣುತ್ತೆ."

"ನೀವಾ ಮಾವ?" ಎಂದಳು ಹುಡುಗಿ. ಸಿಟ್ಟಿರಲಿಲ್ಲ. ಅಳತೆ ತಪ್ಪಿ ಬಂದಾಗ ಹಾಳೆ ನೋಡುತ್ತಾಳಲ್ಲ, ಹಾಗೆ ನೋಡಿದಳು. "ನೀವು ನನ್ನ ಕಡೆ ಅನ್ಕಂಡಿದ್ದೆ."

"ನಿನ್ನ ಕಡೆಯೇ" ಎಂದೆ. ಅದೂ ಸುಳ್ಳಲ್ಲ. ಆದರೆ ಆ ಕ್ಷಣಕ್ಕೆ ಅದರಿಂದ ಏನೂ ಉಪಯೋಗ ಇರಲಿಲ್ಲ.

ವಿಷಯ ಅಲ್ಲಿಗೆ ಮುಗಿಯಬೇಕಿತ್ತು. ತಾಯಿ ಗೆದ್ದಾಗಿತ್ತು. ಅವರು ಕನ್ನಡಕ ತೆಗೆದು ಸೆರಗಿನಿಂದ ಒರೆಸುತ್ತ ಕೂತವರು, ಯಾರೂ ಕೇಳದೆ ಹೇಳಿದರು.

"ನಾನು ಅಂದಿಲ್ಲ. ಅನ್ಕಂಡಿದ್ದೆ."

"ಅಮ್ಮ" ಎಂದ ಹುಡುಗ.

"ಸುಮ್ನಿರೋ. ಒಳಗೆ ಮೆಣಸಿನಕಾಯಿ ತಿರುವಿ ಹಾಕ್ತಾ ಅನ್ಕಂಡೆ. ಇನ್ನೂ ಒಳಗೆ ಕಾಲಿಟ್ಟಿಲ್ಲ, ಗೋಡೆ ತಟ್ತಾಳಲ್ಲ ಅಂತ. ನಾನು ಬಂದಾಗ ಈ ಮನೇಲಿ ಗೋಡೆನೇ ಇರಲಿಲ್ಲ, ಬಿದಿರು ತಟ್ಟಿ ಇತ್ತು. ನಾನು ಯಾರನ್ನ ಕೇಳಲಿ?" ಹುಡುಗಿಯ ಕಡೆ ತಿರುಗಿದರು. "ಅನ್ಕಂಡಿದ್ದು ತಪ್ಪಾ?"

"ಈಗ್ಲೂ ಹಂಗೇ ಅನ್ಸುತ್ತಾ?"

"ಈಗ ಇನ್ನೂ ಜಾಸ್ತಿ ಅನ್ಸುತ್ತೆ. ಒಂದು ಮಾತು ಕೇಳಾಕೆ ಮೂರು ಬಸ್ ಹತ್ತಿ ಬಂದೀಯಲ್ಲ."

ಹುಡುಗಿ ತುಟಿ ಬಿಗಿಹಿಡಿದಳು. ನನಗೆ ಅಕ್ಕನ ಮುಖ ಕಣ್ಣ ಮುಂದೆ ಬಂತು. ಹೋಯಿತು, ಇದೂ ಹೋಯಿತು ಅಂದುಕೊಂಡೆ. ಆದರೆ ಅವಳು ನಗು ತಡೆಯುತ್ತಿದ್ದಳು.

"ಇದನ್ನ ಅವತ್ತೇ ಅಂದಿದ್ರೆ ಆಗ್ತಿತ್ತು" ಎಂದಳು.

"ಅವತ್ತು ನೀವು ಬೀಗರು. ಹೆಂಗೆ ಅನ್ನಾಕಾಗುತ್ತೆ?"

"ಮುಂದೆ ಅನ್ನಿಸಿದ್ದನ್ನ ಎದುರಿಗೇ ಅನ್ರಿ. ನಾನೂ ಅಂತೀನಿ."

"ನೀನು ಬಿಟ್ಟೀಯ ಅಂತ ನನಗೇನು ಭರವಸೆ ಇರಲಿಲ್ಲ" ಎಂದು ತಾಯಿ ಎದ್ದು ನಿಂತರು. "ಗಿರಣಿ ಮೋಟಾರು ಆ ಕಡೆ ಗೋಡೆಗೆ ಹಾಕಿಸಾದು ಅಂತ ಇವನು ಆಗ್ಲೇ ಶುರು ಮಾಡ್ಯಾನೆ. ಹಾಕಿಸಾನ. ಆರು ಗಂಟೆ ಮಾತ್ರ ಆರು ಗಂಟೆನೇ."

"ಆರಕ್ಕೆ ನಾನೂ ಎದ್ದಿರ್ತೀನಿ. ಬಿಸಿಲೇರೋ ಮುಂಚೆ ಅಳತೆಗೆ ಹೋಗಬೇಕಲ್ಲ."

"ಹಂಗಾದ್ರೆ ಊಟಕ್ಕೆ ಏಳ್ರಿ."

ಇದು ಸುಮ್ಮನೆ ಆಡುವ ಮಾತಲ್ಲ. ನಮ್ಮಲ್ಲಿ ಮಾತು ಪಕ್ಕಾ ಆಗುವ ತನಕ ಹೆಣ್ಣಿನ ಕಡೆಯವರು ಗಂಡಿನ ಮನೆಯಲ್ಲಿ ತಿಂಡಿ, ಚಹಾ ತೆಗೆದುಕೊಳ್ಳುತ್ತಾರೆಯೇ ಹೊರತು ಊಟಕ್ಕೆ ಕೂರುವುದಿಲ್ಲ. ಕೂತರೆ ಒಪ್ಪಿದ ಹಾಗೆ. ಇಂಥ ಹೊತ್ತಿನಲ್ಲಿ ಮೊದಲು ಏಳಬೇಕಾದವನು ಸೋದರಮಾವ; ನಾನು ಎದ್ದ ಮೇಲೆ ಉಳಿದವರು ಏಳಬೇಕು. ಗತ್ತಿನಿಂದ ಎದ್ದೆ. ತಾಯಿ ಕೈ ಅಡ್ಡ ಹಿಡಿದು ನೋಟ್‌ಬುಕ್ ನನ್ನ ಕೈಗಿಟ್ಟರು.

"ನೀವು ಬರೆಯಾದು ಮುಗಿಸಿ ಬರ್ರಿ. ನನ್ನದು ಹೊಡೆದು ಹಾಕ್ರಿ, ನನ್ನ ಕಣ್ಣೆದುರಿಗೆ. ಜಾಗ ಖಾಲಿ ಬಿಡಬ್ಯಾಡ್ರಿ."

ಹೊಡೆದು ಹಾಕಿದೆ. ಅದರ ಮೇಲೆ "ನಾನು, ಜಗಳೂರು" ಎಂದು ಬರೆದೆ. ಮೆಲ್ಲಗೆ ಎಂಬುದನ್ನು ಹಾಗೆಯೇ ಬಿಟ್ಟೆ. ಬರೆದದ್ದನ್ನು ಅವರು ಬಗ್ಗಿ ನೋಡಿ, ಆತು ಎಂಬಂತೆ ತಲೆಯಾಡಿಸಿ ಒಳಗೆ ಹೋದರು. ನಾನು ಒಂದು ನಿಮಿಷ ಅಲ್ಲೇ ನಿಂತೆ. ಅಂದದ್ದು ಖಚಿತವಿಲ್ಲದ ಮಾತಿಗೆ ಸಹಿ ಹಾಕಿದ್ದೆ. ಆದರೂ ಆ ನೋಟ್‌ಬುಕ್ಕಿನಲ್ಲಿ ಇದಕ್ಕಿಂತ ನಂಬಬಹುದಾದ ನಮೂದು ಇನ್ನೊಂದು ಇದೆಯೋ ಇಲ್ಲವೋ, ಹೇಳಲಾರೆ.

ಕೈ ತೊಳೆದು ಅಡುಗೆಮನೆಗೆ ಹೋದಾಗ ನನಗಾಗಿ ಯಾರೂ ಕಾದಿರಲಿಲ್ಲ. ತಾಯಿ ಒಲೆಯ ಮುಂದೆ ಕೂತು ಮೂರು ಮನೆಗೆ ಕೇಳಿಸುವ ಹಾಗೆ ಇನ್ನಷ್ಟು ಬೆಣ್ಣೆ ಹಾಕಿಕೋ ಎನ್ನುತ್ತಿದ್ದರು. ಹುಡುಗ ನೀರು ಬಗ್ಗಿಸುತ್ತಿದ್ದ. ನಮ್ಮ ಹುಡುಗಿ ಗೋಡೆಗೆ ಒರಗಿ ಕೂತು ಎರಡನೇ ರೊಟ್ಟಿ ಮುರಿಯುತ್ತಿದ್ದಳು.